ಪರದೆಯ ಹಿಂದಿನ ಸಾಲು

ಆಟಕ್ಕೆ ಮೊದಲು ಪರದೆಗೆ ನೀರು ಹೊಡೆಯುವುದು ನನ್ನ ಕೆಲಸ.
ಎರಡು ಕೊಡ. ಒದ್ದೆ ಬಟ್ಟೆಯಲ್ಲಿ ಬೆಳಕು ಆಚೆ ದಾಟುತ್ತದೆ,
ಆಚೆ ಕೂತವರಿಗೂ ಬೊಂಬೆ ಕಾಣುತ್ತದೆ.
ಆಚೆ ಕೂತವರು ಹೆಂಗಸರು. ತಲೆಗೆ ಅರ್ಧಾಣೆ.
ಅವರಿಗೆ ಬಲಗೈ ಎಡಗೈ, ಅಕ್ಷರವೆಲ್ಲ ಬೆನ್ನು ತಿರುಗಿಸಿದ್ದು.
ಇರಲಿ ಬಿಡು, ಓದುವವರು ಯಾರಿದ್ದಾರೆ ಅಲ್ಲಿ,
ಎಂದಿದ್ದರು ಡೇರೆಯ ಸಾಹುಕಾರರು.

ಬಳ್ಳಾರಿ, ಕೌಲ್ ಬಜಾರಿನ ಬಯಲು.
ಹಗಲೆಲ್ಲ ಕುಡಿದ ಬಿಸಿಲನ್ನು ಗುಡ್ಡದ ಕಲ್ಲು
ರಾತ್ರಿ ನಮ್ಮ ಮೇಲೆ ಉಗುಳುವ ಕಾಲ.
ನೀರು ಹೊಡೆದು ಓಡಿಬಂದು ಹಿಡಿಕೆ ಹಿಡಿಯುತ್ತಿದ್ದೆ.
ನಾನು ತಿರುಗಿಸಿದರೆ ಹೊಳೆ ಹರಿಯುತ್ತಿತ್ತು,
ನನ್ನ ಕೈ ಸೋತರೆ ಕುದುರೆಯೂ ಸೋಲುತ್ತಿತ್ತು.
ಮಾತು ಮಾತ್ರ ವೀರಾಚಾರಿಗಳದು.
ಬೆತ್ತ ಹಿಡಿದು, ಎಲೆಯಡಿಕೆ ಒಂದು ದವಡೆಗೆ ಒತ್ತಿ,
ಮೂಕ ಬೊಂಬೆಗಳಿಗೆಲ್ಲ ಅವರದೇ ಗಂಟಲು.

ಆ ವಾರದ ಕಥೆ: ದೊಡ್ಡ ಮನೆಯ ವಿಧವೆ ಸೊಸೆ,
ಹೊಳೆ ದಾಟಿಸುವ ಅಂಬಿಗ.
ಒಂದು ಸಲ ಅವನ ಹುಟ್ಟು ಅವಳ ಕೈಗೆ ಬರುತ್ತದೆ.
ಅಷ್ಟೇ. ಮುಟ್ಟುವುದೂ ಇಲ್ಲ.
ಕೊನೆಗೆ ಮಾವನೆದುರು ನಿಂತು ತುಟಿ ಆಡಿಸುತ್ತಾಳೆ.
ಕಪ್ಪು ಹಲಗೆ ಬರುತ್ತದೆ: ಮೇಲೆ ಇಂಗ್ಲಿಷು, ಕೆಳಗೆ ತೆಲುಗು.
"ತಪ್ಪಾಯಿತು ಮಾವಯ್ಯಾ," ಎಂದರು ವೀರಾಚಾರಿ ಗದ್ಗದರಾಗಿ,
"ಈ ಪಾಪಿಗಿನ್ನು ಬಾವಿಯೇ ಗತಿ!"
ಡೇರೆ ಚಪ್ಪಾಳೆ ತಟ್ಟಿತು.

ಆಗ ಪರದೆಯೊಳಗಿಂದ,
ಆ ಬೊಂಬೆಯೇ ಬಾಯಿಬಿಟ್ಟಂತೆ:
"ಹಂಗಿಲ್ಲ ಅಲ್ಲಿ.
ನಾ ಹೊಂಟೆ, ಬಾಗಲಾ ನೀವ ಹಾಕ್ಕೋರಿ, ಅಂತ ಐತಿ."

ಬೆತ್ತ ನಿಂತಿತು. ನನ್ನ ಕೈಯೂ.
ನಿಂತ ರೀಲಿನ ಮೇಲೆ ಕಂದು ಗುಳ್ಳೆ ಎದ್ದು ಕಮಟು ವಾಸನೆ.
ಏ ಹುಲುಗಾ, ತಿರುಗಿಸೋ! ಎಂದು ಸಾಹುಕಾರರು.
ತಿರುಗಿಸಿದೆ.
ಅವಳು ಹೊಸ್ತಿಲು ದಾಟಿ ಹೊರಟೇ ಹೋದಳು.
ಬಾವಿ ಎಲ್ಲೂ ಇರಲಿಲ್ಲ.

ಹೊನ್ನೂರಮ್ಮ. ಗಂಡ ಪ್ಲೇಗಿಗೆ ಹೋಗಿ ಆರು ವರ್ಷ.
ಬ್ರೂಸ್‌ಪೇಟೆಯ ಅಚ್ಚುಕೂಟದಲ್ಲಿ ಮೊಳೆ ಜೋಡಿಸುವವಳು,
ಲಗ್ನಪತ್ರಿಕೆ, ಹತ್ತಿ ಮಂಡಿಯ ರಸೀದಿ.
ಕನ್ನಡ ತೆಲುಗು ಎರಡೂ ಉಲ್ಟಾ ಬಲ್ಲಳು;
ಸೀದಾ ಬರೆದದ್ದು ಓದಲಿಕ್ಕೇ ತುಸು ತಡ.

ಮರುದಿನ ಹಿಂದಿನ ಸಾಲಿಗೆ ಮೂರು ಪಟ್ಟು ಹೆಂಗಸರು.
ಆಚಾರಿಗಳು ಶಪಿಸಿದರು, ಅತ್ತರು, ಧ್ವನಿ ಏರಿಸಿದರು.
ಆಚೆಯಿಂದ ಒಂದೊಂದೇ ಸಾಲು, ಇದ್ದದ್ದು ಇದ್ದ ಹಾಗೆ,
ಮಂಡಿಯ ಲೆಕ್ಕ ಓದುವ ಧಾಟಿಯಲ್ಲಿ.
ಮುಂದೆ ಕೂತ ಗಂಡಸರೂ ಕಿವಿಯನ್ನು ಆ ಕಡೆ ಇಟ್ಟರು.
ನಾನೇನು ಮಾಡಿದೆ?
ಹಲಗೆ ಬಂದಾಗಲೆಲ್ಲ ಕೈ ನಿಧಾನ ಮಾಡಿದೆ,
ರೀಲು ಸುಡುವುದಕ್ಕೆ ಕೂದಲಷ್ಟು ಈಚೆ.
ಆರು ರಾತ್ರಿ ನಮ್ಮ ನಡುವೆ ಇದ್ದದ್ದು ಇಷ್ಟೇ ಮಾತು.

ಶನಿವಾರ ಸಂಜೆ ಕೊಡ ಎತ್ತಿದ್ದೆ. ಬಂದು ನಿಂತಳು,
ದಾರ ಸುತ್ತಿದ ಸೀಸದ ಗಟ್ಟಿಯೊಂದು ಕೈಗಿಟ್ಟು
"ಓದ್ಕೋ. ನಾಳೆ ತಿರುಗಿ ಕೊಡು, ಪ್ರೆಸ್ಸಿನವು," ಅಂದಳು.
ನಾಲ್ಕನೇ ಕ್ಲಾಸಿನ ನನ್ನ ಓದಿಗೆ ಅದು ಇರುವೆ ಸಾಲು.
ಆಟ ಮುಗಿದ ಮೇಲೆ ಲಾಟೀನಿನ ಮಸಿ ಹಚ್ಚಿ
ಬೆವೆತ ಮುಂಗೈಗೆ ಒತ್ತಿಕೊಂಡೆ:

ಸೋಮವಾರ ನಸುಕಿಗೆ ಗುಂತಕಲ್ ಗಾಡಿ
ಹೆದರಿಕಿ ಇದ್ದರ ಬರಬ್ಯಾಡ

ಹೆದರಿಕೆ ಇತ್ತು. ಅವಳ ಮೈದುನರು ಇದ್ದರು,
ನನ್ನ ಕುಲದವರು, ಅವಳ ಕುಲದವರು,
ಎರಡೂ ಕಡೆಯ ಬಾವಿಗಳು ಇದ್ದವು.
ಭಾನುವಾರ ಕೊನೆಯ ಎರಡಕ್ಷರ ಕಿತ್ತಿಟ್ಟುಕೊಂಡು
ಉಳಿದದ್ದನ್ನು ಅವಳ ಅಂಗೈಗೆ ಸುರಿದೆ.
ಬೆರಳಲ್ಲೇ ಎಣಿಸಿದಳು. ತಲೆ ಎತ್ತಿದಳು.
ಪರದೆಯ ಈಚೆ, ಸೀದಾ, ಅವಳ ಮುಖ
ನಾನು ಆವತ್ತೇ ನೋಡಿದ್ದು.

"ಬ್ಯಾಡ ಅನ್ನೋದನ್ನೂ ಕೊಡು,"
ಅಂದಳು, "ಮನಿಗೆ ವಾಪಸ್ ಇಡಬೇಕು.
ಲೆಕ್ಕ ಅಂದ್ರ ಲೆಕ್ಕ."